ಮಾಲ್ಗುಡಿ ಹುಡುಕಿಕೊಂಡು ಒಂದು ದಿನ: ಅರಸಾಳಿನಿಂದ ಆಗುಂಬೆವರೆಗೆ ಟೂರ್ ಮಾಡಿಸುವುದು ಹೇಗೆ

ಆರ್.ಕೆ. ನಾರಾಯಣ್ ಕತೆಗಳ ಮಾಲ್ಗುಡಿ ಅನ್ನೋ ಊರು ಯಾವ ನಕ್ಷೆಯಲ್ಲೂ ಇಲ್ಲ. ಆದರೂ ಜನ ಆಗುಂಬೆಗೆ ಬಂದು ಅದನ್ನು ಹುಡುಕುತ್ತಾರೆ. 'ಮಾಲ್ಗುಡಿ ಡೇಸ್' ಟಿವಿ ಧಾರಾವಾಹಿಯ ಶೂಟಿಂಗ್ ಆದ ದೊಡ್ಡಮನೆ ಮುಂದೆ ಒಂದು ಸೆಲ್ಫಿ, ಸಂಜೆ ಸೂರ್ಯಾಸ್ತ, ಆಮೇಲೆ "ಇಷ್ಟೇನಾ?" ಅಂತ ಒಂದು ಮುಖ. ತಪ್ಪು ಅವರದ್ದಲ್ಲ. ಧಾರಾವಾಹಿಯಲ್ಲಿ ನೋಡಿದ ಊರು ಒಂದೇ ಕಡೆ ಇಲ್ಲ. ಮನೆ ಒಂದು ಕಡೆ ಇದೆ, ರೈಲ್ವೆ ಸ್ಟೇಷನ್ ಇನ್ನೊಂದು ತಾಲ್ಲೂಕಿನ ಅರಸಾಳಿನಲ್ಲಿದೆ, ನಡುವೆ ಮಾಲ್ಗುಡಿಗೂ ತನಗೂ ಸಂಬಂಧವೇ ಇಲ್ಲ ಅನ್ನುವಂಥ ಸಾವಿರ ವರ್ಷದ ಊರೊಂದು ಕೂತಿದೆ. ಇದನ್ನೆಲ್ಲ ಜೋಡಿಸಿ ತೋರಿಸೋಕೆ ಒಬ್ಬರು ಬೇಕು. ಆ ಒಬ್ಬರು ನೀವೇ ಆಗಬೇಕು ಅಂತಿದ್ದರೆ, ಎಲ್ಲಿಂದ ಶುರು ಮಾಡಬೇಕು, ಏನು ಬಿಡಬೇಕು, ಎಲ್ಲಿ ಬಾಯಿ ಮುಚ್ಚಿಕೊಂಡಿರಬೇಕು ಅನ್ನೋದನ್ನು ಇಲ್ಲಿ ಹೇಳುತ್ತೇನೆ.

ಕರೆದುಕೊಂಡು ಹೋಗುವವರು ಗೆಳೆಯರಾಗಬಹುದು, ನೆಂಟರಾಗಬಹುದು, ಆಫೀಸಿನವರಾಗಬಹುದು. ಹತ್ತು ಹನ್ನೆರಡು ಜನ ಇದ್ದರೆ ಚೆನ್ನ. ಅದಕ್ಕಿಂತ ಜಾಸ್ತಿ ಆದರೆ ಹಿಂದೆ ನಿಂತವರಿಗೆ ನಿಮ್ಮ ಮಾತು ಕೇಳಿಸುವುದಿಲ್ಲ, ಹಳೇ ಮನೆಯೊಳಗೆ ಎಲ್ಲರೂ ಹಿಡಿಸುವುದೂ ಇಲ್ಲ. ದಾರಿ ಹೀಗೆ: ಶಿವಮೊಗ್ಗ, ಅರಸಾಳು, ರಿಪ್ಪನ್‌ಪೇಟೆ, ಹುಂಚ, ತೀರ್ಥಹಳ್ಳಿ, ಆಗುಂಬೆ, ಮತ್ತೆ ಶಿವಮೊಗ್ಗ. ಹೋದ ದಾರಿಯಲ್ಲೇ ಪೂರ್ತಿ ವಾಪಸ್ ಬರುವುದಿಲ್ಲ, ಒಂದು ಸುತ್ತು ಬಂದ ಹಾಗಾಗುತ್ತದೆ. ಒಟ್ಟು 220 ಕಿ.ಮೀ. ಆಸುಪಾಸು. ಕೇಳೋಕೆ ಕಮ್ಮಿ ಅನ್ನಿಸಬಹುದು. ಮಲೆನಾಡಿನ ತಿರುವಿನ ರಸ್ತೆಯಲ್ಲಿ ಅದು ಕಮ್ಮಿಯೇನಲ್ಲ.

ಹೊರಡುವ ಮೊದಲು ಮನೆಯಲ್ಲಿ ಮಾಡುವ ಕೆಲಸ

ಮೊದಲು ಧಾರಾವಾಹಿಯನ್ನು ಮತ್ತೆ ನೋಡಿ. ಸುಮ್ನೆ ನೆನಪಿನ ಮೇಲೆ ಹೋಗಬೇಡಿ. ಶಂಕರ್‌ನಾಗ್ ನಿರ್ದೇಶನದ 'ಮಾಲ್ಗುಡಿ ಡೇಸ್' ದೂರದರ್ಶನದಲ್ಲಿ ಶುರುವಾಗಿದ್ದು 1986ರಲ್ಲಿ. ನಿರ್ಮಾಪಕರು ಟಿ.ಎಸ್. ನರಸಿಂಹನ್. ಸಂಗೀತ ಎಲ್. ವೈದ್ಯನಾಥನ್ ಅವರದ್ದು, ಚಿತ್ರಗಳು ಆರ್.ಕೆ. ಲಕ್ಷ್ಮಣ್ ಅವರದ್ದು. ಕತೆಯ ಹುಡುಗ ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅಪ್ಪನಾಗಿ ಗಿರೀಶ್ ಕಾರ್ನಾಡ್, ಅಮ್ಮನಾಗಿ ವೈಶಾಲಿ ಕಾಸರವಳ್ಳಿ. ಇಷ್ಟು ನಿಮಗೆ ಬಾಯಿಪಾಠ ಇರಬೇಕು, ಯಾಕೆಂದರೆ ವ್ಯಾನಿನಲ್ಲಿ ಯಾರಾದರೂ ಒಬ್ಬರು ನಿಮ್ಮನ್ನು ಪರೀಕ್ಷೆ ಮಾಡೇ ಮಾಡುತ್ತಾರೆ.

ನೋಡುವಾಗ ಕತೆ ಬಿಟ್ಟು ಹಿನ್ನೆಲೆ ಗಮನಿಸಿ. ಮನೆಯ ಜಗಲಿ ಕಂಡಿತಾ, ನಿಲ್ಲಿಸಿ ಸ್ಕ್ರೀನ್‌ಶಾಟ್ ತೆಗೆಯಿರಿ. ಬೀದಿ ಕಂಡಿತಾ, ಅದನ್ನೂ ತೆಗೆಯಿರಿ. ಹೀಗೆ ನಾಲ್ಕೈದು ಸ್ಟಿಲ್, ಮತ್ತೆ ಅರ್ಧ ಅರ್ಧ ನಿಮಿಷದ ಮೂರು ನಾಲ್ಕು ತುಣುಕು ಸಾಕು. ಎಲ್ಲವನ್ನೂ ಫೋನಿಗೆ ಇಳಿಸಿಕೊಂಡಿರಿ. ಆಗುಂಬೆ ಕಡೆ ನೆಟ್‌ವರ್ಕ್ ನಂಬಿಕೊಂಡು ಹೋದರೆ ಹನ್ನೆರಡು ಜನರ ಮುಂದೆ ಗಿರಗಿರ ತಿರುಗುವ ಚಕ್ರ ತೋರಿಸಬೇಕಾಗುತ್ತದೆ.

ಜಾಗ ಗುರುತು ಹಿಡಿಯೋಕೆ ಬದಲಾಗದ ವಸ್ತು ಹಿಡಿದುಕೊಳ್ಳಿ. ಮರ ಬೆಳೆದಿರುತ್ತದೆ ಅಥವಾ ಕಡಿದಿರುತ್ತಾರೆ. ಗೋಡೆಗೆ ಬಣ್ಣ ಬಿದ್ದಿರುತ್ತದೆ, ಅಂಗಡಿಗೆ ಶೆಟರ್ ಬಂದಿರುತ್ತದೆ. ಕಂಬ, ಹೊಸ್ತಿಲು, ಮೆಟ್ಟಿಲು, ಮಾಡಿನ ಇಳಿಜಾರು, ಹಿಂದೆ ಕಾಣುವ ಗುಡ್ಡದ ಸಾಲು ಮಾತ್ರ ಅಷ್ಟು ಸುಲಭಕ್ಕೆ ಬದಲಾಗುವುದಿಲ್ಲ. ಇವುಗಳಲ್ಲಿ ಎರಡಾದರೂ ಹೊಂದಿದರೆ ಮಾತ್ರ "ಇದೇ ಜಾಗ" ಅನ್ನಿ. ಹೊಂದದಿದ್ದರೆ ಬಿಡಿ. ಇನ್ನೊಂದು ವಿಷಯ ಮೊದಲೇ ತಿಳಿದಿರಲಿ. ಚಿತ್ರೀಕರಣ ಹೆಚ್ಚಾಗಿ ಆಗಿದ್ದು ಆಗುಂಬೆ ಸುತ್ತಮುತ್ತ ನಿಜ, ಆದರೆ ತುಮಕೂರಿನ ದೇವರಾಯನದುರ್ಗ, ಬೆಂಗಳೂರುಗಳಲ್ಲೂ ಕೆಲವು ಭಾಗ ಆಗಿದೆ. ಕಂಡ ಕಂಡ ಮನೆಯನ್ನೆಲ್ಲ ಸ್ವಾಮಿ ಮನೆ ಅಂತ ತೋರಿಸಿದರೆ ಸಿಕ್ಕಿ ಬೀಳುತ್ತೀರಿ.

ತಿಂಗಳು ಯಾವುದು? ಅಕ್ಟೋಬರ್ ಕೊನೆಯಿಂದ ಫೆಬ್ರವರಿವರೆಗೆ. ಆಗುಂಬೆಯಲ್ಲಿ ವರ್ಷಕ್ಕೆ ಸರಾಸರಿ 7,600 ಮಿ.ಮೀ. ಸುತ್ತಮುತ್ತ ಮಳೆ ಬೀಳುತ್ತದೆ, ಅದರ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್ ಒಳಗೆ. ಮಳೆಗಾಲದ ಆಗುಂಬೆ ಚಂದ ಅಂತ ಹೇಳುವವರು ಇದ್ದಾರೆ. ನಾನೂ ಅದನ್ನೇ ಹೇಳುತ್ತೇನೆ. ಆದರೆ ಅದು ಒಬ್ಬರೋ ಇಬ್ಬರೋ ಹೋಗಿ ಜಗಲಿ ಮೇಲೆ ಕೂತು ನೋಡುವ ಚಂದ. ಗುಂಪು ಕಟ್ಟಿಕೊಂಡು ಊರು ತೋರಿಸೋಕೆ ಹೋದರೆ ಕೊಡೆ ಬಿಟ್ಟು ಬೇರೇನೂ ಕಾಣುವುದಿಲ್ಲ, ಕಾಲಿಗೆ ಇಂಬಳ (ಜಿಗಣೆ) ಬೇರೆ.

ಗಾಡಿ ವಿಷಯ. 12 ಸೀಟಿನ ಟಿಟಿ (ಟೆಂಪೋ ಟ್ರಾವೆಲರ್) ಸಾಕು. ಜನರಿಂದ ದುಡ್ಡು ಎತ್ತಿ ಹೋಗುತ್ತಿದ್ದರೆ ಹಳದಿ ಬೋರ್ಡಿನ ಗಾಡಿಯೇ ಇರಲಿ. ಗೆಳೆಯನ ಬಿಳಿ ಬೋರ್ಡ್ ಗಾಡಿ ಅಗ್ಗಕ್ಕೆ ಸಿಗುತ್ತದೆ, ಆದರೆ ಏನಾದರೂ ಹೆಚ್ಚು ಕಮ್ಮಿ ಆದರೆ ಇನ್ಶೂರೆನ್ಸ್‌ನವರು ಮೊದಲು ಕೇಳೋದು ಅದನ್ನೇ. ಬಾಡಿಗೆ ಮಾತಾಡುವಾಗ ದಿನಕ್ಕೆ ಕನಿಷ್ಠ ಎಷ್ಟು ಕಿ.ಮೀ. ಲೆಕ್ಕ ಅಂತ ಕೇಳಿ. ಸಾಮಾನ್ಯವಾಗಿ 250 ಅಥವಾ 300 ಅನ್ನುತ್ತಾರೆ. ನಮ್ಮ ಸುತ್ತು ಅದರೊಳಗೇ ಮುಗಿಯುತ್ತದೆ, ಹಾಗಾಗಿ ಮಿನಿಮಮ್ ದುಡ್ಡಿನ ಮೇಲೆ ಲೆಕ್ಕ ಹಾಕಿದರೆ ಸಾಕು. ಡ್ರೈವರ್ ಬಾಟಾ ಅದರಲ್ಲಿ ಸೇರಿದೆಯಾ, ಬೇರೆ ಕೊಡಬೇಕಾ, ಅದನ್ನು ಬಾಯಲ್ಲಿ ಕೇಳಿ ಬಿಡಬೇಡಿ, ವಾಟ್ಸಾಪ್‌ನಲ್ಲಿ ಬರೆಸಿಕೊಳ್ಳಿ. ಗಾಡಿ, ಬಾಟಾ, ಊಟ, ಮನೆಯವರಿಗೆ ಕೊಡುವ ಕಾಣಿಕೆ, ಇಷ್ಟನ್ನು ಕೂಡಿಸಿ ತಲೆಗೆ ಇಷ್ಟು ಅಂತ ಹಂಚಿ, ಎರಡು ದಿನ ಮೊದಲೇ ಹಾಕಿಸಿಕೊಳ್ಳಿ. ಟೂರಿನ ದಿನ ಚಿಲ್ಲರೆ ಎಣಿಸುತ್ತಾ ನಿಲ್ಲುವ ಗೈಡ್‌ಗಿಂತ ಬೇಜಾರು ಇನ್ನೊಂದಿಲ್ಲ.

ಮೂರು ಫೋನ್ ಮಾಡಬೇಕು. ಅರಸಾಳು ಮ್ಯೂಸಿಯಂ ಅವತ್ತು ತೆರೆದಿರುತ್ತದಾ, ಎಷ್ಟು ಹೊತ್ತಿಗೆ ಅಂತ ಕೇಳೋಕೆ ಒಂದು. ತೀರ್ಥಹಳ್ಳಿಯಲ್ಲಿ ಊಟಕ್ಕೆ ಹೇಳೋಕೆ ಒಂದು. ಮೂರನೆಯದು, ಎಲ್ಲಕ್ಕಿಂತ ಮುಖ್ಯವಾದದ್ದು, ಆಗುಂಬೆಯ ದೊಡ್ಡಮನೆಗೆ. ಅದರ ಬಗ್ಗೆ ಮುಂದೆ ಹೇಳುತ್ತೇನೆ.

ಅರಸಾಳು: ಯಾಕೆ ಸ್ಟೇಷನ್ನಿನಿಂದಲೇ ಶುರು ಮಾಡಬೇಕು

ಹೆಚ್ಚಿನವರು ನೇರ ಆಗುಂಬೆಗೆ ಹೋಗಿ, ಟೈಮ್ ಇದ್ದರೆ ಅರಸಾಳು ಅನ್ನುತ್ತಾರೆ. ಉಲ್ಟಾ ಮಾಡಿ. ಕಾರಣ ಇದೆ. ಆರ್.ಕೆ. ನಾರಾಯಣ್ ಬೆಂಗಳೂರಿನಲ್ಲಿದ್ದಾಗ, ಅಜ್ಜಿ ನೋಡಿಕೊಟ್ಟ ಒಳ್ಳೆಯ ದಿನದಲ್ಲಿ ಒಂದು ನೋಟ್‌ಬುಕ್ ತಂದು ಬರೆಯೋಕೆ ಕೂತರು. ಆಗ ಅವರಿಗೆ ಮೊದಲು ಹೊಳೆದದ್ದು ಒಂದು ಪುಟ್ಟ ರೈಲ್ವೆ ಸ್ಟೇಷನ್, ಅದಕ್ಕೊಂದು ಹೆಸರು ಮಾಲ್ಗುಡಿ. ಊರು ಆಮೇಲೆ ಬಂತು. ಆ ಕಾದಂಬರಿ 'ಸ್ವಾಮಿ ಅಂಡ್ ಫ್ರೆಂಡ್ಸ್' ಅಚ್ಚಾಗಿದ್ದು 1935ರಲ್ಲಿ. ಅದರ ಕೊನೆಯೂ ಸ್ಟೇಷನ್ನಿನಲ್ಲೇ. ಸ್ವಾಮಿಯ ಗೆಳೆಯ ರಾಜಮ್ ಊರು ಬಿಟ್ಟು ಹೋಗುತ್ತಾನೆ, ಸ್ವಾಮಿ ಒಂದು ಪುಸ್ತಕ ಹಿಡಿದುಕೊಂಡು ಪ್ಲಾಟ್‌ಫಾರ್ಮಿಗೆ ಬರುತ್ತಾನೆ. ಇಷ್ಟನ್ನು ವ್ಯಾನಿನಲ್ಲಿ ಶಿವಮೊಗ್ಗ ದಾಟಿ ಆಯನೂರು ಬರುವ ಹೊತ್ತಿಗೆ ಹೇಳಿ ಮುಗಿಸಿ. ಆಮೇಲೆ ಇಳಿದು ಪ್ಲಾಟ್‌ಫಾರ್ಮ್ ಮೇಲೆ ನಿಂತರೆ ಅವರಿಗೆ ನೀವು ಏನೂ ವಿವರಿಸಬೇಕಾಗಿಲ್ಲ.

ಶಿವಮೊಗ್ಗದಿಂದ ಅರಸಾಳಿಗೆ ಸುಮಾರು 35 ಕಿ.ಮೀ. ಎಂಟಕ್ಕೆ ಹೊರಟರೆ ಒಂಬತ್ತರ ಒಳಗೆ ತಲುಪುತ್ತೀರಿ. ತಿಂಡಿ ಶಿವಮೊಗ್ಗದಲ್ಲೇ ಮುಗಿಸಿ. ಇದು ಶಿವಮೊಗ್ಗ–ತಾಳಗುಪ್ಪ ಹಳಿ ಮೇಲಿನ ಸ್ಟೇಷನ್. ಶೂಟಿಂಗ್ ಕಾಲದಲ್ಲಿ ಮೀಟರ್ ಗೇಜ್ ಇತ್ತು, ಈಗ ಬ್ರಾಡ್ ಗೇಜ್. ಧಾರಾವಾಹಿಯ ಕಲಾ ನಿರ್ದೇಶಕ ಜಾನ್ ದೇವರಾಜ್ ಅವರೇ ಮುಂದೆ ನಿಂತು ಹಳೇ ಸ್ಟೇಷನ್ ಕಟ್ಟಡವನ್ನು ಮಾಲ್ಗುಡಿ ಮ್ಯೂಸಿಯಂ ಮಾಡಿಕೊಟ್ಟರು, 2020ರಲ್ಲಿ ಅದು ತೆರೆಯಿತು. ಒಬ್ಬ ಮನುಷ್ಯ ಒಂದು ಜಾಗವನ್ನು ಒಮ್ಮೆ ಸೆಟ್ ಮಾಡಿ, ಮೂವತ್ತು ಚಿಲ್ಲರೆ ವರ್ಷ ಬಿಟ್ಟು ಬಂದು ಅದನ್ನೇ ಮ್ಯೂಸಿಯಂ ಮಾಡುವುದು ಅಪರೂಪ ಅಲ್ವಾ. ಇದನ್ನು ಜನರಿಗೆ ಹೇಳಿ, ಕಟ್ಟಡವನ್ನು ನೋಡುವ ರೀತಿಯೇ ಬದಲಾಗುತ್ತದೆ.

ಇಲ್ಲಿ ಹೇಗೆ ತೋರಿಸಬೇಕು? ಮೊದಲು ಒಳಗೆ ಕರೆದುಕೊಂಡು ಹೋಗಬೇಡಿ. ಪ್ಲಾಟ್‌ಫಾರ್ಮ್ ಕಡೆಯಿಂದ ಕಟ್ಟಡದ ಮುಖ ನೋಡೋಕೆ ಬಿಡಿ, ಫೋನಿನಲ್ಲಿ ಸ್ಟಿಲ್ ಕೊಡಿ, ಕ್ಯಾಮೆರಾ ಎಲ್ಲಿತ್ತು ಅಂತ ಅವರೇ ಹುಡುಕಲಿ. ಎರಡು ಹೆಜ್ಜೆ ಹಿಂದೆ, ಸ್ವಲ್ಪ ಎಡಕ್ಕೆ, ಅಲ್ಲ ಬಲಕ್ಕೆ ಅಂತ ಜಗಳ ಶುರುವಾಗುತ್ತದೆ. ಆ ಜಗಳವೇ ಟೂರು. ಐದು ನಿಮಿಷ ಆದ ಮೇಲೆ ಒಳಗೆ ಹೋಗಿ. ಒಂದು ಎಚ್ಚರಿಕೆ: ಇದು ಓಡುತ್ತಿರುವ ಹಳಿ, ಸೆಟ್ ಅಲ್ಲ. ಫ್ರೇಮ್ ಹೊಂದಿಸುವ ಹುಚ್ಚಿನಲ್ಲಿ ಹಿಂದೆ ಹಿಂದೆ ನಡೆದು ಹಳಿಗೆ ಇಳಿಯುವವರು ಪ್ರತಿ ಗುಂಪಿನಲ್ಲೂ ಒಬ್ಬರಿರುತ್ತಾರೆ. ನಿಮ್ಮ ಕಣ್ಣು ಅವರ ಮೇಲಿರಲಿ.

ಮ್ಯೂಸಿಯಂ ತಡವಾಗಿ ತೆರೆಯುತ್ತದೆ ಅಂತ ಫೋನಿನಲ್ಲಿ ಗೊತ್ತಾದರೆ ಹೊರಡುವ ಹೊತ್ತನ್ನೇ ಮುಂದಕ್ಕೆ ಹಾಕಿ, ಹುಂಚದ ಟೈಮ್ ಸ್ವಲ್ಪ ಕತ್ತರಿಸಿ. ಇಲ್ಲಿ ಒಂದು ಗಂಟೆ ಸಾಕು.

ಹುಂಚ: ಧಾರಾವಾಹಿ ಮರೆಯಿರಿ

ಅರಸಾಳಿನಿಂದ ರಿಪ್ಪನ್‌ಪೇಟೆ ಹತ್ತಿರ. ಅಲ್ಲಿಂದ ಹುಂಚದ ದಾರಿ ಹಿಡಿಯಿರಿ. ಊರಿನ ಇನ್ನೊಂದು ಹೆಸರು ಹೊಂಬುಜ. ಇಲ್ಲಿ ಯಾವ ಶೂಟಿಂಗ್ ಕತೆಯನ್ನೂ ಎತ್ತಬೇಡಿ. ಇಡೀ ದಿನ ಮಾಲ್ಗುಡಿ ಮಾಲ್ಗುಡಿ ಅಂತಿದ್ದರೆ ಸಂಜೆಗೆ ಜನರಿಗೆ ಸುಸ್ತಾಗುತ್ತದೆ. ನಡುವೆ ಒಂದು ನಿಜವಾದ ಹಳೇ ಊರು ಬೇಕು.

ಹುಂಚ ಸಾಂತರ ಅರಸರ ರಾಜಧಾನಿಯಾಗಿತ್ತು. ವಂಶ ಶುರುವಾದ ಬಗ್ಗೆ ಒಂದು ಐತಿಹ್ಯ ಇದೆ. ಉತ್ತರ ಮಧುರೆಯಿಂದ ತಪ್ಪಿಸಿಕೊಂಡು ಬಂದ ರಾಜಕುಮಾರ ಜಿನದತ್ತ, ಜೊತೆಗೆ ಪದ್ಮಾವತಿ ದೇವಿಯ ಮೂರ್ತಿ ತಂದಿದ್ದ. ಲಕ್ಕಿ ಗಿಡದ ನೆರಳಲ್ಲಿ ಮಲಗಿದಾಗ ದೇವಿ ಕನಸಿನಲ್ಲಿ ಬಂದು ಇಲ್ಲೇ ನೆಲೆ ನಿಲ್ಲು ಅಂದಳಂತೆ, ಮೂರ್ತಿಗೆ ತಾಗಿಸಿದ ಕಬ್ಬಿಣ ಚಿನ್ನವಾಯಿತಂತೆ. ರಿಪ್ಪನ್‌ಪೇಟೆ ದಾಟಿದ ಮೇಲೆ ಈ ಕತೆ ಹೇಳಿ. ಚೆನ್ನಾಗಿ ಹೇಳಿ, ಆದರೆ "ಅಂತೆ" ಬಿಡಬೇಡಿ. ಐತಿಹ್ಯ ಯಾವುದು, ಕಲ್ಲಿನಲ್ಲಿ ಬರೆದಿದ್ದು ಯಾವುದು ಅಂತ ಬೇರೆ ಮಾಡಿ ಹೇಳುವ ಗೈಡ್ ಮಾತನ್ನು ಜನ ಜಾಸ್ತಿ ನಂಬುತ್ತಾರೆ.

ಕಲ್ಲಿನ ಲೆಕ್ಕಕ್ಕೆ ಪಂಚಕೂಟ ಬಸದಿಗೆ ಹೋಗಿ. 1077ರಲ್ಲಿ ಚಟ್ಟಲದೇವಿ ಕಟ್ಟಿಸಿದ್ದು. ಉರ್ವೀತಿಲಕ ಅಂತಲೂ ಅದಕ್ಕೆ ಹೆಸರು. ಐದು ಗರ್ಭಗುಡಿ ಇರುವುದರಿಂದ ಪಂಚಕೂಟ. ಸೋದರಿ ತೀರಿಕೊಂಡ ಮೇಲೆ ಅವಳ ಮಕ್ಕಳನ್ನು ತನ್ನ ಮಕ್ಕಳಂತೆ ಸಾಕಿದ ಹೆಂಗಸು ಚಟ್ಟಲದೇವಿ. ರಾಜರ ಯುದ್ಧದ ಪಟ್ಟಿ ಒಪ್ಪಿಸುವ ಬದಲು ಇವಳ ಬಗ್ಗೆ ಎರಡು ಮಾತು ಹೇಳಿ, ಗುಂಪಿನಲ್ಲಿರುವ ದೊಡ್ಡಮ್ಮ ಚಿಕ್ಕಮ್ಮಂದಿರು ಅಲ್ಲೇ ನಿಂತುಬಿಡುತ್ತಾರೆ. ಬಸದಿ ಎದುರಿಗೆ ಮಾನಸ್ತಂಭ ಇದೆ. ಬಿಸಿಲು ಓರೆಯಾಗಿ ಬಿದ್ದಾಗ ಅದರ ಬುಡದ ಕೆತ್ತನೆ ಎದ್ದು ಕಾಣುತ್ತದೆ, ನೆತ್ತಿ ಮೇಲೆ ಸೂರ್ಯ ಬಂದರೆ ಚಪ್ಪಟೆ. ಹನ್ನೊಂದರ ಒಳಗೆ ಇಲ್ಲಿರಿ ಅಂತ ನಾನು ಹಟ ಮಾಡುವುದು ಇದಕ್ಕೇ.

ಪದ್ಮಾವತಿ ದೇವಸ್ಥಾನ ಈಗಲೂ ಜನ ಹರಕೆ ಹೊತ್ತು ಬರುವ ಜಾಗ. ನಿಮ್ಮ ಗುಂಪಿನಲ್ಲಿ ಪೂಜೆಗೆ ಬಂದವರೂ ಇರಬಹುದು, ಬರೀ ಕಟ್ಟಡ ನೋಡೋಕೆ ಬಂದವರೂ ಇರಬಹುದು. ಇಬ್ಬರಿಗೂ ಬೇರೆ ಬೇರೆ ಹೊತ್ತು ಕೊಡಿ, ಇಂಥ ಕಡೆ ಇಷ್ಟು ಗಂಟೆಗೆ ಸೇರೋಣ ಅಂತ ಹೇಳಿ ಬಿಟ್ಟುಬಿಡಿ. ಚಡ್ಡಿ ಹಾಕಿಕೊಂಡು ಬರಬೇಡಿ ಅಂತ ಹಿಂದಿನ ದಿನವೇ ಗ್ರೂಪಿನಲ್ಲಿ ಹಾಕಿರಿ. ಚರ್ಮದ ಬೆಲ್ಟ್, ಪರ್ಸ್ ಗಾಡಿಯಲ್ಲೇ ಬಿಟ್ಟರೆ ಒಳ್ಳೆಯದು.

ತೀರ್ಥಹಳ್ಳಿ: ಊಟ, ತುಂಗೆ, ನಿದ್ದೆ

ಕೋಣಂದೂರು ಮೇಲೆ ತೀರ್ಥಹಳ್ಳಿಗೆ ಒಂದು ಗಂಟೆ ಹೊತ್ತಿಗೆ ಬನ್ನಿ. ಊಟ ಮಾಡಿ. ತುಂಗಾ ನದಿ ದಡದ ರಾಮೇಶ್ವರ ದೇವಸ್ಥಾನದ ಹತ್ತಿರ ಹತ್ತು ನಿಮಿಷ. ಅಷ್ಟರಲ್ಲಿ ಯಾರೋ ಒಬ್ಬರು ಕೇಳುತ್ತಾರೆ: ಮಾಲ್ಗುಡಿಯ ಸರಯೂ ನದಿ ಇದೇನಾ? ಅಲ್ಲ. ಸರಯೂ, ಮೆಂಪಿ ಬೆಟ್ಟ, ಕಬೀರ್ ಬೀದಿ, ಆಲ್ಬರ್ಟ್ ಮಿಷನ್ ಸ್ಕೂಲ್, ಎಲ್ಲವೂ ನಾರಾಯಣ್ ಅವರ ಪುಸ್ತಕದಲ್ಲೇ ಇರೋದು. ಈ ಪ್ರಶ್ನೆ ಬಂದಾಗ ಖುಷಿಪಡಿ, ಗುಂಪು ಎಚ್ಚರವಾಗಿದೆ ಅಂತ ಅರ್ಥ.

ಊಟ ಆದ ಮೇಲೆ ವ್ಯಾನಿನಲ್ಲಿ ಮಾತಾಡಬೇಡಿ. ನಿಜವಾಗಿ. ಎಲ್ಲರೂ ನಿದ್ದೆ ಮಾಡಲಿ. ತೀರ್ಥಹಳ್ಳಿಯಿಂದ ಆಗುಂಬೆಗೆ 30 ಕಿ.ಮೀ. ಚಿಲ್ಲರೆ ಇದೆ, ಗುಡ್ಡೇಕೇರಿ ದಾಟಿದ ಮೇಲೆ ಎಬ್ಬಿಸಿದರೆ ಸಾಕು. ಆಗ ಧಾರಾವಾಹಿಯ ಶೀರ್ಷಿಕೆ ಸಂಗೀತ ಹಾಕಿ. ಯಾರೂ ಹೇಳದೆಯೇ ಹಾಡೋಕೆ ಶುರು ಮಾಡುತ್ತಾರೆ.

ಹಾಡು ಮುಗಿದ ಮೇಲೆ ಶಂಕರ್‌ನಾಗ್ ಬಗ್ಗೆ ಹೇಳಿ. ಹುಟ್ಟಿದ್ದು 1954ರಲ್ಲಿ. ಈ ಧಾರಾವಾಹಿ ಮಾಡುವಾಗ ಇನ್ನೂ ಮೂವತ್ತರ ಆಸುಪಾಸು. 1990ರ ಸೆಪ್ಟೆಂಬರ್ 30ರಂದು ದಾವಣಗೆರೆ ಬಳಿಯ ಆನಗೋಡಿನಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡಾಗ 35 ವರ್ಷ. ಗುಂಪಿನಲ್ಲಿರುವ ಹುಡುಗರಿಗೆ ಅವರು ಆಟೋ ಹಿಂದಿನ ಸ್ಟಿಕ್ಕರ್ ಆಗಿ ಮಾತ್ರ ಗೊತ್ತಿರುತ್ತಾರೆ. ಆ ವಯಸ್ಸಿನಲ್ಲಿ ಒಬ್ಬ ಮನುಷ್ಯ ಒಂದು ಹಳ್ಳಿಯನ್ನು ಇಡೀ ದೇಶಕ್ಕೆ ಪರಿಚಯ ಮಾಡಿಸಿದ ಅಂತ ಹೇಳಿ ಸುಮ್ಮನಾಗಿ. ಜಾಸ್ತಿ ಎಳೆಯಬೇಡಿ.

ಆಗುಂಬೆ: ದೊಡ್ಡಮನೆಯಲ್ಲಿ ಹೇಗಿರಬೇಕು

ಇದು ಟೂರಿನ ಮುಖ್ಯ ಭಾಗ, ಕೆಡಿಸೋಕೆ ಅತಿ ಸುಲಭವಾದ ಭಾಗವೂ ಹೌದು. ದೊಡ್ಡಮನೆ ಮ್ಯೂಸಿಯಂ ಅಲ್ಲ. ಜನ ಬದುಕುತ್ತಿರುವ ಮನೆ. ನೂರು ವರ್ಷಕ್ಕೂ ಹಳೆಯದು. ಟಿಕೆಟ್ ಕೊಟ್ಟು ಒಳಗೆ ಬಂದಿದ್ದೇವೆ ಅನ್ನುವ ಠೀವಿ ಇಲ್ಲಿ ನಡೆಯುವುದಿಲ್ಲ. ಅದಕ್ಕೇ ಫೋನ್ ಮಾಡಿ ಅಂದಿದ್ದು. ಎಷ್ಟು ಜನ, ಎಷ್ಟು ಹೊತ್ತಿಗೆ, ಎಷ್ಟು ಹೊತ್ತು ಇರುತ್ತೀರಿ, ಬರೀ ನೋಡಿ ಹೋಗುತ್ತೀರಾ ಅಥವಾ ಕಾಫಿ ಕಷಾಯ ಬೇಕಾ, ಮುಂಚೆಯೇ ಹೇಳಿ. ಅವರಿಗೆ ಆವತ್ತು ಆಗುವುದಿಲ್ಲ ಅಂದರೆ ದಿನ ಬದಲಾಯಿಸಿ, ಸುಮ್ನೆ ಹೋಗಿ ಬಾಗಿಲು ತಟ್ಟಬೇಡಿ. ಹಿರಿಯರು ಎದುರಾದರೆ ಅಮ್ಮ, ಅಕ್ಕ ಅಂತ ಮಾತಾಡಿಸಿ. ಅಲ್ಲಿ "ಮೇಡಂ" ಅಂದರೆ ಸ್ವಲ್ಪ ದೂರ ಮಾಡಿದ ಹಾಗಾಗುತ್ತದೆ.

ಚಪ್ಪಲಿ ಹೊರಗೆ, ಒಂದು ಸಾಲಿನಲ್ಲಿ. ಮೊದಲು ಎಲ್ಲರೂ ಜಗಲಿ ಮೇಲೆ ಕೂತುಕೊಳ್ಳಲಿ. ಹನ್ನೆರಡು ಜನ ಒಟ್ಟಿಗೆ ನುಗ್ಗಿದರೆ ಯಾರಿಗೂ ಏನೂ ಕಾಣುವುದಿಲ್ಲ. ಜಗಲಿಯಲ್ಲಿ ಐದು ನಿಮಿಷ ಕೂತರೆ ಕಣ್ಣು ಆ ಮಬ್ಬು ಬೆಳಕಿಗೆ ಹೊಂದಿಕೊಳ್ಳುತ್ತದೆ. ಆಮೇಲೆ ನಾಲ್ಕು ನಾಲ್ಕು ಜನರಂತೆ ಒಳಗೆ.

ಒಳಗೆ ನಡುವೆ ತೆರೆದ ಅಂಗಳ, ಸುತ್ತ ಜಗಲಿ, ಮಾಡು ಹೊತ್ತ ಮರದ ಕಂಬಗಳು. ತೊಟ್ಟಿಮನೆ ಯಾಕೆ ಹೀಗೆ ಅಂತ ಹೇಳಿ: ಇಷ್ಟು ಮಳೆ ಬೀಳುವ ಊರಿನಲ್ಲಿ ಹೊರಗೆ ಕಿಟಕಿ ದೊಡ್ಡದಿಟ್ಟರೆ ಇರಚಲು ಒಳಗೆ ಬರುತ್ತದೆ, ಬೆಳಕು ಬೇಕು ಅಂದರೆ ಮೇಲಿಂದಲೇ ತರಬೇಕು. ಕ್ಯಾಮೆರಾಗೂ ಅದೇ ಅನುಕೂಲ. ಅಂಗಳಕ್ಕೆ ಬೀಳುವ ಬೆಳಕು ಮೆತ್ತಗೆ ಹರಡಿ ಜಗಲಿ ಮೇಲೆ ಕೂತವರ ಮುಖಕ್ಕೆ ಒಂದು ಬದಿಯಿಂದ ಬೀಳುತ್ತದೆ. ಒಬ್ಬರನ್ನು ಕಂಬಕ್ಕೆ ಒರಗಿ ಕೂರಿಸಿ, ಸ್ಟಿಲ್ ಪಕ್ಕ ಇಟ್ಟು ನೋಡಿ. ಸ್ವಾಮಿಯ ಅಪ್ಪ ಬೈಯುವ ದೃಶ್ಯಗಳಲ್ಲಿ ಇರುವ ಆ ಅರ್ಧ ನೆರಳು ಎಲ್ಲಿಂದ ಬಂತು ಅಂತ ಆಗ ಗೊತ್ತಾಗುತ್ತದೆ. ಬಾಗಿಲುಗಳು ಗಿಡ್ಡ, ತಲೆ ಬಗ್ಗಿಸಿ ಅಂತ ಪ್ರತಿ ಬಾಗಿಲಲ್ಲೂ ಹೇಳಿ. ಹೇಳಿದರೂ ಉದ್ದದವರು ಹೊಡೆಸಿಕೊಳ್ಳುತ್ತಾರೆ, ಅದು ಬೇರೆ ಮಾತು.

ಫೋಟೋ ತೆಗೆಯುವ ಮೊದಲು ಮನೆಯವರನ್ನು ಕೇಳಿ. ಮನೆಯವರ ಫೋಟೋ ತೆಗೆಯೋಕೆ ಬೇರೆಯೇ ಕೇಳಿ. ಅಡುಗೆಮನೆ, ದೇವರ ಕೋಣೆ ಕಡೆ ಕರೆಯದೆ ಹೋಗಬೇಡಿ. ರೀಲ್ಸ್ ಮಾಡುವ ಹುಡುಗರನ್ನು ಜಗಲಿ ಆಚೆಗೇ ಕಳಿಸಿ. ಡ್ರೋನ್ ಹಾರಿಸುವ ಮಾತು ಯಾರಾದರೂ ಎತ್ತಿದರೆ ಅಲ್ಲೇ ಬೇಡ ಅನ್ನಿ. ಊರ ಪಕ್ಕದಲ್ಲೇ ಸೋಮೇಶ್ವರ ಅಭಯಾರಣ್ಯ ಇದೆ, ಅನುಮತಿ ಇಲ್ಲದೆ ಹಾರಿಸಿದರೆ ಅರಣ್ಯ ಇಲಾಖೆಗೆ ಉತ್ತರ ಕೊಡಬೇಕಾಗುತ್ತದೆ. ಹೊರಡುವಾಗ ಕಾಣಿಕೆ ಕೊಡಿ. ಹನ್ನೆರಡು ಜನ ಕಾಫಿ ಕುಡಿದು ಒಂದು ಗಂಟೆ ಕೂತಿದ್ದಕ್ಕೆ ನಾಚಿಕೆಯಾಗದಷ್ಟು ಕೊಡಿ. ಒಬ್ಬರೇ ಕೊಡಿ, ಲಕೋಟೆಯಲ್ಲಿ ಹಾಕಿ ಕೊಡಿ.

ಆಮೇಲೆ ಬೀದಿ. ಆಗುಂಬೆ ದೊಡ್ಡ ಊರಲ್ಲ, ಅರ್ಧ ಗಂಟೆಯಲ್ಲಿ ನಡೆದು ಮುಗಿಯುತ್ತದೆ. ಸ್ಟಿಲ್ ಹಿಡಿದುಕೊಂಡು ಮನೆಗಳ ಸಾಲು ನೋಡುತ್ತಾ ಹೋಗಿ. ಎಷ್ಟೋ ಬದಲಾಗಿದೆ, ಕೆಲವು ಕಡೆ ಹೆಂಚಿನ ಬದಲು ತಗಡು ಬಂದಿದೆ, ಅದನ್ನು ನೋಡಿ "ಛೆ, ಹಾಳು ಮಾಡಿಬಿಟ್ಟಿದ್ದಾರೆ" ಅಂತ ಜನ ಅನ್ನುತ್ತಾರೆ. ಈ ಮಾತನ್ನು ನಾನು ಬೆಳೆಯೋಕೆ ಬಿಡುವುದಿಲ್ಲ. ನಮ್ಮ ನೆನಪು ಸರಿಯಾಗಿರಲಿ ಅಂತ ಇನ್ನೊಬ್ಬರು ಸೋರುವ ಮಾಡಿನ ಕೆಳಗೆ ಮಳೆಗಾಲ ಕಳೆಯಬೇಕಾ? ಚಿತ್ರೀಕರಣದ ಹೊತ್ತಿಗೆ ಇದ್ದ ಹಿರಿಯರು ಅಂಗಡಿ ಕಟ್ಟೆ ಮೇಲೆ ಸಿಗುತ್ತಾರೆ, ಊರಿನ ಎಷ್ಟೋ ಜನ ಆಗ ಕ್ಯಾಮೆರಾ ಮುಂದೆ ಬಂದವರೇ. ಚಹಾ ಕುಡಿಯುತ್ತಾ ಮಾತಾಡಿಸಿ. ಹೇಳಿದರೆ ಕೇಳಿ, ಇಲ್ಲದಿದ್ದರೆ ಬಿಡಿ. ಎಲ್ಲರಿಗೂ ದಿನಾ ಅದೇ ಪ್ರಶ್ನೆಗೆ ಉತ್ತರ ಕೊಡುವ ಮನಸ್ಸು ಇರುವುದಿಲ್ಲ.

ಕಾಳಿಂಗ ಸರ್ಪ ತೋರಿಸಿ ಅಂತ ಕೇಳುವವರು ಬೇಕಾದಷ್ಟು ಜನ ಇದ್ದಾರೆ. ಉರಗ ತಜ್ಞ ರೋಮುಲಸ್ ವಿಟೇಕರ್ 2005ರಲ್ಲಿ ಶುರು ಮಾಡಿದ ಮಳೆಕಾಡು ಸಂಶೋಧನಾ ಕೇಂದ್ರ ಇಲ್ಲಿದೆ, ಆದರೆ ಅದು ಪ್ರಾಣಿ ಸಂಗ್ರಹಾಲಯ ಅಲ್ಲ, ಹಾಗೆ ಗುಂಪಾಗಿ ನುಗ್ಗುವ ಜಾಗವೂ ಅಲ್ಲ.

ಸೂರ್ಯಾಸ್ತಕ್ಕೆ ಎಷ್ಟು ಹೊತ್ತಿಗೆ ಹೋಗಬೇಕು

ಡಿಸೆಂಬರ್‌ನಲ್ಲಿ ಆರೂಕಾಲರ ಒಳಗೆ ಸೂರ್ಯ ಮುಳುಗಿರುತ್ತಾನೆ, ಫೆಬ್ರವರಿಗೆ ಆರೂವರೆ ದಾಟುತ್ತದೆ. ಮುಕ್ಕಾಲು ಗಂಟೆ ಮೊದಲು ಅಲ್ಲಿರಿ. ವೀಕ್ಷಣಾ ಕಟ್ಟೆ ಘಾಟಿ ರಸ್ತೆ ಪಕ್ಕದಲ್ಲೇ ಇದೆ, ಅದೇ ಉಡುಪಿ ಕಡೆಯ 169ಎ ಹೆದ್ದಾರಿ. ಗಾಡಿ ನಿಲ್ಲಿಸೋಕೆ ಜಾಗ ಕಮ್ಮಿ, ಶನಿವಾರ ಭಾನುವಾರ ಅಂತೂ ಕೇಳಲೇಬೇಡಿ. ಜನರನ್ನು ಇಳಿಸಿ ಡ್ರೈವರ್ ಮುಂದೆ ಹೋಗಿ ನಿಲ್ಲಿಸಲಿ. ತಿಂಡಿ ಪೊಟ್ಟಣ ಕೈಯಲ್ಲಿ ಹಿಡಿದು ಇಳಿಯಬೇಡಿ, ಮಂಗಗಳು ಕಾಯುತ್ತಿರುತ್ತವೆ. ಆಕಾಶ ತಿಳಿಯಾಗಿದ್ದರೆ ದೂರದಲ್ಲಿ ಅರಬ್ಬಿ ಸಮುದ್ರ ಕಾಣುತ್ತದೆ. ಮಂಜು ಬಂದರೆ ಬಂತು. ಸೂರ್ಯಾಸ್ತ ಗ್ಯಾರಂಟಿ ಅಂತ ಮೊದಲೇ ಮಾತು ಕೊಟ್ಟಿದ್ದರೆ ಮಾತ್ರ ಮಂಜು ನಿಮ್ಮ ಮಾನ ಕಳೆಯುತ್ತದೆ, ಹಾಗಾಗಿ ಕೊಡಬೇಡಿ.

ವಾಪಸ್ ಶಿವಮೊಗ್ಗಕ್ಕೆ 90 ಕಿ.ಮೀ. ಆಸುಪಾಸು, ರಾತ್ರಿ ಒಂಬತ್ತು ಗಂಟೆ ಹೊತ್ತಿಗೆ ತಲುಪುತ್ತೀರಿ. ಕತ್ತಲಾದ ಮೇಲೆ ಡ್ರೈವರ್ ಜೊತೆ ಒಬ್ಬರು ಮುಂದೆ ಎಚ್ಚರವಾಗಿ ಕೂರಬೇಕು. ಆ ಕೆಲಸ ನಿಮ್ಮದೇ.

ಯಾವುದನ್ನು ಸೇರಿಸಬಾರದು

ಪ್ಲಾನ್ ಹಾಕುವಾಗ ನಕ್ಷೆ ನೋಡಿದವರೆಲ್ಲ "ಅದೂ ಹತ್ತಿರದಲ್ಲೇ ಇದೆಯಲ್ಲ" ಅನ್ನುತ್ತಾರೆ. ಇಲ್ಲಿ ಗಟ್ಟಿಯಾಗಿ ಇಲ್ಲ ಅನ್ನಬೇಕು.

ಕವಲೇದುರ್ಗ ಬೇಡ. ಕೆಳದಿ ನಾಯಕರ ಕೋಟೆ, ವೆಂಕಟಪ್ಪ ನಾಯಕ ಬಲಪಡಿಸಿದ್ದು. ಗದ್ದೆ ಬದುವಿನಿಂದ ಹಿಡಿದು ಒಂದಾದ ಮೇಲೊಂದು ಕಲ್ಲಿನ ಬಾಗಿಲು, ಒಳಗೆ ಅರಮನೆಯ ತಳಪಾಯ, ಕಲ್ಲಿನ ಒಲೆ, ನೀರು ಹರಿಯುವ ಕಾಲುವೆ, ಮೇಲೆ ಶಿಖರೇಶ್ವರ ದೇವಸ್ಥಾನ. ಅದನ್ನು ಅವಸರದಲ್ಲಿ ನೋಡುವುದು ಅನ್ಯಾಯ. ಹತ್ತಿ ಇಳಿಯೋಕೆ ಮೂರು ಗಂಟೆ ಬೇಕು. ಅದಕ್ಕೆ ಬೇರೆ ದಿನ ಇಡಿ.

ಶೃಂಗೇರಿ ಆಗುಂಬೆಯಿಂದ 30 ಕಿ.ಮೀ. ಒಳಗೇ ಇದೆ ನಿಜ. 14ನೇ ಶತಮಾನದ ವಿದ್ಯಾಶಂಕರ ದೇವಸ್ಥಾನ, ಅದರ 12 ರಾಶಿ ಕಂಬಗಳು ನೋಡಲೇಬೇಕಾದ್ದು. ಆದರೆ ಮಧ್ಯಾಹ್ನ ಬಾಗಿಲು ಹಾಕುವುದರಿಂದ ನಮ್ಮ ಟೈಮಿಗೆ ಹೊಂದುವುದಿಲ್ಲ. ಆಗುಂಬೆಯಲ್ಲೇ ಉಳಿಯುವುದಾದರೆ ಮಾರನೇ ಬೆಳಿಗ್ಗೆ ಹೋಗಿ. ಕುಪ್ಪಳಿಯ ಕವಿಮನೆ, ಕವಿಶೈಲಕ್ಕೂ ಅದೇ ಮಾತು. ಕುವೆಂಪು ಅವರನ್ನು ಮಾಲ್ಗುಡಿಯ ಬಾಲಕ್ಕೆ ಕಟ್ಟಿದರೆ ಇಬ್ಬರಿಗೂ ಸಲ್ಲುವುದಿಲ್ಲ.

ಕುಂದಾದ್ರಿ ಮಾತ್ರ ಬೇಕಾದರೆ ಅದಲುಬದಲು ಮಾಡಬಹುದು. ಹುಡುಗರ ಗುಂಪಾದರೆ ಹುಂಚ ಬಿಟ್ಟು ಗುಡ್ಡೇಕೇರಿ ಹತ್ತಿರದಿಂದ ಕುಂದಾದ್ರಿಗೆ ತಿರುಗಿ. 826 ಮೀಟರ್ ಎತ್ತರದ ಬಂಡೆ ಗುಡ್ಡ, ತುದಿಯಲ್ಲಿ ಪಾರ್ಶ್ವನಾಥ ಬಸದಿ, ಪಕ್ಕದಲ್ಲಿ ಕೊಳ, ಕುಂದಕುಂದಾಚಾರ್ಯರ ಹೆಸರಿನ ಜಾಗ. ಗಾಡಿ ಮೇಲಿನವರೆಗೂ ಹೋಗುತ್ತದೆ, ಕೊನೆಗೆ ಮೆಟ್ಟಿಲು. ರಸ್ತೆ ಕಡಿದಾಗಿದೆ, ಕಿರಿದಾಗಿದೆ, ಘಾಟಿ ಓಡಿಸಿ ಗೊತ್ತಿರುವ ಡ್ರೈವರ್ ಇಲ್ಲದಿದ್ದರೆ ಆಸೆ ಬಿಡಿ. ಮಕರ ಸಂಕ್ರಾಂತಿಯಂದು ಅಲ್ಲಿ ಜಾತ್ರೆ, ಆ ದಿನ ಟೂರ್ ಇಡಬೇಡಿ. ವಯಸ್ಸಾದವರಿದ್ದರೆ ಹುಂಚವೇ ಸರಿ.

ಉಡುಪಿ, ಮಂಗಳೂರು ಕಡೆಯಿಂದ ಬರುವವರಿಗೆ

ನಿಮಗೆ ಆಗುಂಬೆ ಮೊದಲು ಸಿಗುತ್ತದೆ. ಹೆಬ್ರಿ, ಸೋಮೇಶ್ವರ ದಾಟಿ 14 ತಿರುವಿನ ಘಾಟಿ ಹತ್ತಬೇಕು. ಮಳೆಗಾಲದಲ್ಲಿ ಗುಡ್ಡ ಜರಿದು ಭಾರೀ ವಾಹನಗಳಿಗೆ ನಿರ್ಬಂಧ ಹಾಕುವುದುಂಟು, ಹಿಂದಿನ ದಿನ ವಿಚಾರಿಸಿ. ದಾರಿಯಲ್ಲಿ ದೊಡ್ಡಮನೆ ಸಿಕ್ಕಿತು ಅಂತ ಬೆಳಿಗ್ಗೆಯೇ ಇಳಿಯಬೇಡಿ. ನೇರ ಅರಸಾಳಿಗೆ ಹೋಗಿ, ಅಲ್ಲಿಂದ ಇದೇ ದಾರಿಯಲ್ಲಿ ವಾಪಸ್ ಬಂದು ಸಂಜೆಗೆ ಆಗುಂಬೆ ಮಾಡಿ. ಬೆಳಿಗ್ಗೆ ಐದಕ್ಕೇ ಹೊರಡಬೇಕಾಗುತ್ತದೆ, ತಿಂಡಿ ತೀರ್ಥಹಳ್ಳಿಯಲ್ಲಿ. ಮಕ್ಕಳಿಗೆ ತಿರುವಿನಲ್ಲಿ ವಾಂತಿ ಬರುತ್ತದೆ, ಖಾಲಿ ಹೊಟ್ಟೆಯಲ್ಲಿ ಹಾಲು ಕುಡಿಸಿ ಹತ್ತಿಸಬೇಡಿ, ಎರಡು ಬಿಸ್ಕತ್ತು ಕೊಟ್ಟು ಮುಂದಿನ ಸೀಟಿನಲ್ಲಿ ಕೂರಿಸಿ. ರಾತ್ರಿ ಇಳಿಯುವಾಗ ಮಂಜು ಕವಿದಿದ್ದರೆ ಆಗುಂಬೆಯಲ್ಲೇ ಉಳಿಯೋಕೆ ಕೋಣೆ ಸಿಗುತ್ತದಾ ಅಂತ ದೊಡ್ಡಮನೆಗೆ ಮಾಡುವ ಫೋನಿನಲ್ಲೇ ಕೇಳಿಟ್ಟಿರಿ.